ಕೊಬ್ಬರಿ ಬಿಡದ ಹೋರಿ

ದೀಪಾವಳಿಯ ಬಲಿಪಾಡ್ಯಮಿ ಬಂತೆಂದರೆ ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಸೀಮೆಯ ರೈತರ ಮನೆಗಳಲ್ಲಿ ಗಡಿಬಿಡಿಯೋ ಗಡಿಬಿಡಿ. ದನಗಳ ಮೈ ತೊಳೆದು, ಕೊಂಬುಗಳಿಗೆ ಬಣ್ಣ ಬಳಿದು, ಪೂಜೆ ಮಾಡಿ ಎಡೆ ಉಣಿಸುವುದು ನಾಡಿನ ಎಲ್ಲೆಡೆಯೂ ಉಂಟು. ಈ ಸೀಮೆಯವರು ಅಷ್ಟಕ್ಕೆ ತೃಪ್ತರಾಗುವವರಲ್ಲ. ಆಯ್ದ ಹೋರಿಯ ಕೊರಳಿಗೆ ಒಣಕೊಬ್ಬರಿಯ ಸರಗಳನ್ನು ಬಿಗಿದು, ಬೆನ್ನಿಗೆ ಝೂಲು ಹೊದಿಸಿ, ಕೊಂಬುಗಳಿಗೆ ರಿಬ್ಬನ್ನು, ಗೊಂಡೆ, ಬಲೂನುಗಳನ್ನು ಕಟ್ಟಿ, ಜನ ಕಿಕ್ಕಿರಿದ ಅಖಾಡದೊಳಕ್ಕೆ ಅದನ್ನು ಬಿಡುತ್ತಾರೆ. ಇಕ್ಕೆಲಗಳಲ್ಲಿ ಹೊಂಚಿ ನಿಂತ ತರುಣರು ಅದರ ಮೈಮೇಲೆ ಬಿದ್ದು ಕೊಬ್ಬರಿ ಹರಿಯಲು ಹವಣಿಸುತ್ತಾರೆ. ಸರವನ್ನು ಕೊಡದೆ ಕೊನೆ ಮುಟ್ಟಿದರೆ ಗೆಲುವು ಹೋರಿಯದು. ಸರ ಕೈಗೆ ಬಂದರೆ ಹರಿದವನದು.

ಹಾವೇರಿ ಏಲಕ್ಕಿ ಹಾರಕ್ಕೆ ಹೆಸರಾದ ಊರು. ಗಣ್ಯರು ಬಂದರೆ ಅವರ ಕೊರಳಿಗೆ ಏಲಕ್ಕಿ, ಹೋರಿಯ ಕೊರಳಿಗೆ ಕೊಬ್ಬರಿ. ಗಣ್ಯರ ಹಾರವನ್ನು ಹರಿಯಲು ಯಾರೂ ಮೇಲೆ ಬೀಳುವುದಿಲ್ಲವಾದ್ದರಿಂದ, ಎರಡರಲ್ಲಿ ಯಾವುದು ಸಂಪಾದಿಸಿದ ಗೌರವವೆಂಬುದನ್ನು ವಾಚಕರೇ ನಿರ್ಣಯಿಸಬಹುದು.

ಹಬ್ಬದ ದಿನ ಆರಂಭವಾದ ಈ ಆಟ ಒಂದೇ ದಿನಕ್ಕೆ ಮುಗಿಯುವುದಿಲ್ಲ. ಸುಗ್ಗಿ ಕಳೆಯುವವರೆಗೂ ಇಂದು ಈ ಊರು, ನಾಳೆ ಆ ಊರು ಎಂದು ಹಬ್ಬ ಸಂಚರಿಸುತ್ತಲೇ ಇರುತ್ತದೆ. ನೆರೆಯ ಶಿವಮೊಗ್ಗ ಜಿಲ್ಲೆಯ ಶಿಕಾರಿಪುರ, ಸೊರಬಗಳಲ್ಲಿಯೂ ಅದೇ ಸಂಭ್ರಮ. ಹಿಂದೆ ಹರಿದ ಕೊಬ್ಬರಿಯೇ ಬಹುಮಾನವಾಗಿತ್ತು. ಈಗ ಮೋಟಾರು ಸೈಕಲ್ಲು, ಬಂಗಾರದ ಉಂಗುರ, ತಿಜೋರಿಗಳು ಬಹುಮಾನದ ಪಟ್ಟಿಗೆ ಬಂದಿವೆ. ಹೋರಿಗಳಿಗೆ ಹೆಸರುಗಳುಂಟು, ಒಂದಕ್ಕೆ ಹುಲಿಯ ಹೆಸರಾದರೆ ಇನ್ನೊಂದಕ್ಕೆ ಚಿತ್ರನಟರದು. ಹೆಸರಾಂತ ಹೋರಿಗೆ ಅಭಿಮಾನಿಗಳ ಬಳಗವೂ ಉಂಟು. ಅದರ ಚಿತ್ರವಿರುವ ಅಂಗಿ ತೊಟ್ಟು, ಅದು ಹೋದಲ್ಲೆಲ್ಲ ಗಾಡಿ ಕಟ್ಟಿಕೊಂಡು ಹೋಗುವವರನ್ನು ಈ ಸೀಮೆಯಲ್ಲಿ ಕಾಣಬಹುದು.

ಇಂತಹ ಹೋರಿಯ ವೃತ್ತಿಜೀವನ ಆರಂಭವಾಗುವುದು ದನದ ಸಂತೆಯಲ್ಲಿ. ಕೊಳ್ಳುವವನು ಮೊದಲು ಬಾಯಿ ಬಿಡಿಸಿ ಹಲ್ಲು ನೋಡುತ್ತಾನೆ: ಹಾಲುಹಲ್ಲೋ, ಎರಡು ಹಲ್ಲೋ, ನಾಲ್ಕು ಹಲ್ಲೋ? ಸುಮಾರು ಐದು ವರ್ಷಕ್ಕೆ ಹೋರಿ ಬಾಯಿಗೂಡುವುದರಿಂದ ಅದರೊಳಗೇ ಅದರ ಗುಣವನ್ನು ಅಳೆಯಬೇಕು. ಅನಂತರ ಮೈಮೇಲಿನ ಸುಳಿ, ಕಾಲಿನ ಎತ್ತರ, ಗೊರಸಿನ ಗಡಸು. ಹಳ್ಳಿಕಾರ, ಅಮೃತಮಹಲ್ ತಳಿಗಳಿಗೆ ಓಟ ರಕ್ತದಲ್ಲಿಯೇ ಬಂದದ್ದು. ಅಮೃತಮಹಲ್ ದನಗಳು ಒಂದು ಕಾಲಕ್ಕೆ ಮೈಸೂರಿನ ಸೈನ್ಯದ ಸಾಮಾನುಗಳನ್ನು ಎಳೆದು ಕೀರ್ತಿ ಪಡೆದಂಥವು. ಕೊಂಡ ಹೋರಿಯನ್ನು ನೊಗಕ್ಕೆ ಹೂಡದೆ, ಹುರುಳಿ, ಹಿಂಡಿ, ಹತ್ತಿಕಾಳು, ಹಾಲು, ಮೊಟ್ಟೆಗಳನ್ನು ತಿನ್ನಿಸಿ, ಕೆರೆಯಲ್ಲಿ ಈಜಿಸಿ, ಹೊಲದಲ್ಲಿ ಓಡಿಸಿ ಸಾಕುತ್ತಾರೆ. ಮನೆಯ ಮಕ್ಕಳು ತಿನ್ನುವ ಮೊಟ್ಟೆಯ ಲೆಕ್ಕ ಯಾರೂ ಇಡುವುದಿಲ್ಲ. ಹೋರಿಯದನ್ನು ಮಾತ್ರ ಇಡುತ್ತಾರೆ.

ಬಲವೊಂದಿದ್ದರೆ ಸಾಲದು. ಅಖಾಡದಲ್ಲಿ ಎರಡೂ ಕಡೆಯಿಂದ ಚಾಚಿದ ನೂರು ಕೈಗಳ ನಡುವೆ ಬಯಲು ಎಲ್ಲಿ ತೆರೆದಿದೆ ಎಂಬುದನ್ನು ಕ್ಷಣಾರ್ಧದಲ್ಲಿ ಕಾಣಬೇಕು. ಎಡಕ್ಕೆ ತೋರಿಸಿ ಬಲಕ್ಕೆ ಜಾರಬೇಕು. ಕೊರಳಿಗೆ ಜೋತುಬಿದ್ದವನನ್ನು ಒಂದೇ ಜಾಡಿಗೆ ಕೊಡವಬೇಕು. ಹಾಗಿದ್ದೂ ವೇಗ ಕುಂದಬಾರದು. ಹೊರಗಿನವರು ಮುಟ್ಟಿದರೆ ಸಿಡಿಯುವ ಹೋರಿ, ಮನೆಯ ಹೆಣ್ಣುಮಗಳು ಹಗ್ಗ ಹಿಡಿದರೆ ಕರುವಿನಂತೆ ನಿಲ್ಲುವುದನ್ನು ಕಂಡವರು ಅದರ ಬುದ್ಧಿಯನ್ನು ಶಂಕಿಸುವುದಿಲ್ಲ.

ಇದೇ ವಿದ್ಯೆಯನ್ನು ಮನುಷ್ಯರು ವೃತ್ತಿಯನ್ನಾಗಿ ಮಾಡಿಕೊಂಡ ದೇಶವೊಂದುಂಟು. ಅಮೆರಿಕಾದವರು ಫುಟ್‌ಬಾಲ್ ಎಂದು ಕರೆಯುವ ಆಟ ನಮ್ಮ ಕಾಲ್ಚೆಂಡಲ್ಲ. ಮೊನಚು ತುದಿಗಳ ಉದ್ದನೆಯ ಚೆಂಡನ್ನು ಹಿಡಿದುಕೊಂಡು ೧೦೦ ಗಜದ ಬಯಲಿನಲ್ಲಿ ಎದುರಾಳಿಗಳ ಗೆರೆಯಾಚೆಗೆ ಒಯ್ಯುವ ಆಟ. ಅದರಲ್ಲಿ ಸಾಲಿನ ಅಂಚಿನಿಂದ ಓಡಿ, ದೂರದಿಂದ ಎಸೆದ ಚೆಂಡನ್ನು ಹಿಡಿದು, ಕೆಡವಲು ಬರುವವರಿಂದ ತಪ್ಪಿಸಿಕೊಳ್ಳುವವನಿಗೆ ವೈಡ್ ರಿಸೀವರ್ ಎಂದು ಹೆಸರು. ಈ ಕೆಲಸದಲ್ಲಿ ಜೆರ್ರಿ ರೈಸ್‌ನನ್ನು ಮೀರಿಸಿದವರಿಲ್ಲವೆಂದು ಬಲ್ಲವರಲ್ಲಿ ಬಹುಮಂದಿಯ ಮತ. ೧೯೬೨ರಲ್ಲಿ ಮಿಸಿಸಿಪ್ಪಿ ರಾಜ್ಯದಲ್ಲಿ ಹುಟ್ಟಿದ ಆತನ ತಂದೆ ಇಟ್ಟಿಗೆ ಕಟ್ಟುವ ಕೆಲಸಗಾರ. ಅಣ್ಣತಮ್ಮಂದಿರು ಎಸೆದ ಇಟ್ಟಿಗೆಗಳನ್ನು ಹಿಡಿದೇ ಹುಡುಗನ ಕೈ ಪಳಗಿತು. ೧೯೮೫ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ತಂಡವನ್ನು ಸೇರಿದವನು ೨೦ ಋತುಗಳನ್ನು ಆಡಿ, ೧,೫೪೯ ಬಾರಿ ಚೆಂಡು ಹಿಡಿದು, ಆ ಹಿಡಿತಗಳಿಂದ ೨೨,೮೯೫ ಗಜಗಳನ್ನು ಗಳಿಸಿದನು. ೧೯೯೭ರಲ್ಲಿ ಆತನ ಮೊಣಕಾಲಿನ ಕಟ್ಟು ಹರಿಯಿತು. ಶಸ್ತ್ರವೈದ್ಯರು ಹೊಲಿದರು, ಮರಳಿ ಬಂದು ಮತ್ತೆ ಏಳು ಋತುಗಳನ್ನು ಆಡಿದನು.

ಹೋರಿಗೆ ಆ ಭಾಗ್ಯವಿಲ್ಲ. ಕಾಲು ಮುರಿದ ದಿನವೇ ಅದರ ವೃತ್ತಿ ಮುಗಿದಂತೆ. ಇದಕ್ಕಿಂತ ದೊಡ್ಡ ಭೇದ ಇನ್ನೊಂದಿದೆ. ರೈಸನು ಓಡಿದ ಬಯಲಿನೊಳಗೆ ಎದುರಾಳಿಗಳು ಹನ್ನೊಂದೇ ಜನ. ಚೆಂಡು ಬರುವ ಮುನ್ನ ಅವನನ್ನು ಹಿಡಿಯುವಂತಿಲ್ಲ. ಮುಖದ ಕಂಬಿಗೆ ಕೈಹಾಕಿ ಎಳೆದರೆ ದಂಡ. ನೋಡಲು ಬಂದವರು ಗೋಡೆಯ ಆಚೆಗೇ ಇರತಕ್ಕದ್ದು. ಹೋರಿಯ ಅಖಾಡದಲ್ಲಿ ಆಟಗಾರನಾರು, ನೋಡುಗನಾರು ಎಂಬುದೇ ತಿಳಿಯುವುದಿಲ್ಲ. ಬೇಲಿಯ ಹೊರಗಿದ್ದವನು ಹುಮ್ಮಸ್ಸಿನಲ್ಲಿ ಒಳಗೆ ಜಿಗಿಯುತ್ತಾನೆ. ಕೈಯಲ್ಲಿ ಚಿತ್ರ ತೆಗೆಯುವ ಫೋನು ಹಿಡಿದವನಿಗೆ ಹೋರಿ ಎಷ್ಟು ಹತ್ತಿರ ಬಂದಿತೆಂಬುದು ಅರಿವಾಗುವುದು ಅದು ಬಂದಮೇಲೆಯೇ. ಬೇಲಿಯೇ ಇಲ್ಲದ ಊರುಗಳಲ್ಲಿ ರಸ್ತೆಯ ಬದಿಗೆ ಸುಮ್ಮನೆ ನಿಂತ ಮುದುಕರಿಗೂ ರಕ್ಷಣೆಯಿಲ್ಲ. ಹೋರಿ ತಿವಿದು ಸತ್ತವರ ಸುದ್ದಿ ಹಬ್ಬದ ಮರುದಿನದ ಪತ್ರಿಕೆಗಳಲ್ಲಿ ಮತ್ತೆ ಮತ್ತೆ ಬಂದಿದೆ. ಇದರಲ್ಲಿ ಹೋರಿಯ ತಪ್ಪನ್ನು ಹುಡುಕುವುದು ವ್ಯರ್ಥ. ಓಡಲೆಂದು ಬಿಟ್ಟಿದ್ದಾರೆ, ಅದು ಓಡುತ್ತದೆ. ದಾರಿಯಲ್ಲಿ ನಿಂತವನನ್ನು ನಿಲ್ಲಿಸಿದವರು ಯಾರು ಎಂದು ಕೇಳಬೇಕಾದದ್ದು ಹಬ್ಬ ನಡೆಸುವವರನ್ನು. ಬಹುಮಾನದ ಮೋಟಾರು ಸೈಕಲ್ಲಿಗೆ ಹಣ ಕೂಡಿಸಬಲ್ಲ ಊರಿಗೆ ಗಟ್ಟಿಯಾದ ಎರಡು ಸಾಲು ಬೇಲಿಗೆ ಹಣ ಹುಟ್ಟುವುದಿಲ್ಲವೆಂಬ ಮಾತನ್ನು ನಂಬುವುದು ಕಷ್ಟ.

ನ್ಯಾಯಾಲಯಗಳೂ ಈ ವಿಷಯದಲ್ಲಿ ಕಣ್ಣು ಮುಚ್ಚಿಕೊಂಡು ಕೂತಿಲ್ಲ. ೨೦೧೪ರ ಮೇ ೭ರಂದು ಸರ್ವೋಚ್ಚ ನ್ಯಾಯಾಲಯವು ತಮಿಳುನಾಡಿನ ಜಲ್ಲಿಕಟ್ಟನ್ನೂ ಎತ್ತಿನ ಗಾಡಿಯ ಪಂದ್ಯಗಳನ್ನೂ ನಿಷೇಧಿಸಿದಾಗ ಹಾವೇರಿ ಸೀಮೆಯ ಹೋರಿ ಮಾಲೀಕರ ಎದೆಯೂ ನಡುಗಿತು. ಅನಂತರ ತಮಿಳುನಾಡು, ಕರ್ನಾಟಕ, ಮಹಾರಾಷ್ಟ್ರಗಳು ತಮ್ಮ ತಮ್ಮ ಕಾನೂನುಗಳನ್ನು ತಿದ್ದಿಕೊಂಡವು. ೨೦೨೩ರ ಮೇ ೧೮ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನಪೀಠವು ಆ ತಿದ್ದುಪಡಿಗಳನ್ನು ಎತ್ತಿಹಿಡಿಯಿತು. ಪ್ರಾಣಿಗೆ ಹಿಂಸೆಯಾಗದಂತೆ ನಡೆಸಬೇಕೆಂಬ ಕಟ್ಟುಪಾಡನ್ನು ಆ ಕಾನೂನುಗಳು ಬಿಟ್ಟುಕೊಟ್ಟಿಲ್ಲ. ಅಖಾಡಕ್ಕೆ ಬಿಡುವ ಮುನ್ನ ಬಾಲ ತಿರುಚುವವರು, ಮೊನೆಯಿಂದ ಚುಚ್ಚುವವರು ಇದನ್ನು ನೆನಪಿಡತಕ್ಕದ್ದು. ನಿಜವಾಗಿ ಓಡುವ ಹೋರಿಗೆ ಚುಚ್ಚುವ ಅಗತ್ಯವೇ ಬೀಳದು. ಅಂಥವರು ತಮ್ಮ ಹೋರಿಯ ಸಾಮರ್ಥ್ಯವನ್ನು ತಾವೇ ಅವಮಾನಿಸಿದಂತಾಗುತ್ತದೆ.

ಕಾಲು ಮುರಿಯದೆ ಉಳಿದ ಹೋರಿಗೂ ಒಂದು ದಿನ ಓಟ ಇಳಿಯುತ್ತದೆ. ನಿನ್ನೆಯವರೆಗೆ ಮುಟ್ಟಲಾಗದ ಕೊಬ್ಬರಿ ಇಂದು ಯಾರೋ ಎಳೆಯ ಹುಡುಗನ ಕೈಗೆ ಬರುತ್ತದೆ. ಲಕ್ಷಗಟ್ಟಲೆ ಬೆಲೆ ಹೇಳುತ್ತಿದ್ದ ದಲ್ಲಾಳಿ ಆಮೇಲೆ ಆ ಹಟ್ಟಿಯತ್ತ ಸುಳಿಯುವುದಿಲ್ಲ. ಆದರೆ ಓಡದ ಹೋರಿಯೂ ಓಡುವ ಹೋರಿಯಷ್ಟೇ ಮೇಯುತ್ತದೆ. ಮಳೆ ಕೈಕೊಟ್ಟು ಮೆಕ್ಕೆಜೋಳ ಒಣಗಿದ ವರ್ಷ ಆ ಮೇವಿನ ಭಾರವೇನೆಂಬುದು ರೈತನಿಗೇ ಗೊತ್ತು. ಮಾರಿ ಕೈತೊಳೆದುಕೊಳ್ಳುವವರು ಇಲ್ಲವೆಂದಲ್ಲ. ಆದರೂ ಹೆಸರು ತಂದ ಹೋರಿಯನ್ನು ಮಾರುವುದು ಈ ಸೀಮೆಯಲ್ಲಿ ಮರ್ಯಾದೆಯ ಕೆಲಸವೆನಿಸುವುದಿಲ್ಲ. ಬ್ಯಾಡಗಿ ತಾಲ್ಲೂಕಿನ ಗುಡ್ಡದಮಲ್ಲಾಪುರದ ಮಠದಲ್ಲಿ ವೃಷಭಗಳೇ ಮೂಕಪ್ಪ ಸ್ವಾಮಿಗಳೆನಿಸಿ ಭಕ್ತರ ಪೂಜೆ ಪಡೆಯುತ್ತವೆ. ಅಂತಹ ನೆಲದಲ್ಲಿ ಮುದಿ ಹೋರಿಯ ಹಗ್ಗವನ್ನು ಕಟುಕನ ಕೈಗೆ ಕೊಡುವುದು ಅಷ್ಟು ಸುಲಭವಲ್ಲ.

ಆದ್ದರಿಂದ ಹೆಸರಾಂತ ಹೋರಿ ಸತ್ತರೆ ಭಜನೆ, ಬಾಜಾಬಜಂತ್ರಿಗಳೊಡನೆ ಊರೆಲ್ಲ ಮೆರವಣಿಗೆ ನಡೆಯುತ್ತದೆ. ಹೂವಿನ ಹಾರ ಹಾಕಿ, ಅರಿಸಿನ ಕುಂಕುಮವಿಟ್ಟು, ಮಾಲೀಕನ ಹೊಲದಲ್ಲಿಯೇ ಗುಂಡಿ ತೋಡಿ ಮಣ್ಣು ಮಾಡುತ್ತಾರೆ. ಬದುಕಿದ್ದಾಗ ಅದರ ಕೊಬ್ಬರಿಯನ್ನು ಒಮ್ಮೆಯೂ ಹರಿಯಲಾರದೆ ಹೋದ ಪೈಲ್ವಾನರು ಬಂದು ಹಿಡಿ ಮಣ್ಣು ಹಾಕಿ ಹೋಗುತ್ತಾರೆ. ಕೆಲವು ತಿಂಗಳು ಕಳೆದ ಮೇಲೆ, ಮತ್ತೆ ಸಾಲ ಮಾಡಬೇಡವೆಂದು ಮನೆಯಾಕೆ ಹೇಳುತ್ತಿದ್ದಂತೆಯೇ, ಮಾಲೀಕನು ಸಂತೆಗೆ ಹೋಗಿ ಎರಡು ಹಲ್ಲಿನ ಹೋರಿಯೊಂದರ ಬಾಯಿ ಬಿಡಿಸಿ ನೋಡುತ್ತಿರುತ್ತಾನೆ.