ಶಾಲು ಹೊದಿಸಿ ಕಳಿಸುವವರಿಗೆ

ಕಳೆದ ರಾಜ್ಯೋತ್ಸವಕ್ಕೆ ನಮ್ಮ ಉಪನಗರದ ಸಂಘವೊಂದರಲ್ಲಿ ಎಂಬತ್ತು ದಾಟಿದ ಅಜ್ಜಿಯೊಬ್ಬರನ್ನು ವೇದಿಕೆಗೆ ಕರೆದರು. ವಿಜಾಪುರದ ಕಡೆಯವರು. ಶಾಲು, ಹಾರ, ಹಣ್ಣಿನ ಬುಟ್ಟಿ, ಫೋಟೋ. ಬೀಸುವ ಪದ ಎಷ್ಟು ಬರುತ್ತವೋ ಲೆಕ್ಕವಿಲ್ಲ ಅವರಿಗೆ. ಮೈಕ್ ಹಿಡಿದು ಒಂದು ಪದ ಎತ್ತಿಕೊಳ್ಳುವಷ್ಟರಲ್ಲಿ ನಿರೂಪಕಿ 'ಸಮಯದ ಅಭಾವ' ಅಂದರು. ಆಮೇಲೆ ಮಕ್ಕಳ ಸಿನಿಮಾ ಡಾನ್ಸು ಅರ್ಧ ಗಂಟೆ ನಡೀತು. ಇದಕ್ಕೆ ನಾವು ಸಂಸ್ಕೃತಿ ಉಳಿಸೋದು ಅಂತ ಹೆಸರಿಟ್ಟಿದ್ದೇವೆ.

ನನಗೆ ನೆನಪಾದದ್ದು ಟಾಮ್ ಪೋರ್ಟರ್. ಅಮೆರಿಕ–ಕೆನಡಾ ಗಡಿಯ ಅಕ್ವೆಸಾಸ್ನೆಯ ಮೊಹಾಕ್ ಹಿರಿಯ, ಕರಡಿ ಕುಲದವರು. ಅಮೆರಿಕದ ಸ್ವಾತಂತ್ರ್ಯ ಯುದ್ಧದ ಕಾಲದಲ್ಲಿ ಅವರ ಜನ ನ್ಯೂಯಾರ್ಕ್ ರಾಜ್ಯದ ಮೊಹಾಕ್ ಕಣಿವೆಯನ್ನು ಬಿಟ್ಟು ಹೋಗಬೇಕಾಯಿತು. ಇನ್ನೂರು ವರ್ಷದ ಮೇಲೆ, 1993ರಲ್ಲಿ, ಪೋರ್ಟರ್ ಕೆಲವರನ್ನು ಕಟ್ಟಿಕೊಂಡು ಅದೇ ಕಣಿವೆಗೆ ವಾಪಸು ಬಂದರು. ಹರಾಜಿಗೆ ಬಂದ ಜಾಗ ಕೊಂಡು ಕನಜೊಹರೆಕೆ ಎಂಬ ನೆಲೆ ಮಾಡಿದರು. ತೊಳೆದಿಟ್ಟ ಪಾತ್ರೆಯ ಜಾಗ ಎಂದು ಅದರ ಅರ್ಥ. ಪೆನ್ಸಿಲ್ವೇನಿಯಾದ ಕಾರ್ಲೈಲ್ ವಸತಿಶಾಲೆ 1879ರಿಂದ 1918ರವರೆಗೆ ಆದಿವಾಸಿ ಮಕ್ಕಳ ಜಡೆ ಕತ್ತರಿಸಿ, ಮಾತೃಭಾಷೆ ಆಡಿದರೆ ಶಿಕ್ಷೆ ಕೊಟ್ಟು ಏನು ಮಾಡಿತೋ, ಅದನ್ನು ಉಲ್ಟಾ ಮಾಡೋಣ ಎಂಬುದು ಪೋರ್ಟರ್ ಹಟ. ಬೇಸಿಗೆಯಲ್ಲಿ ದೊಡ್ಡವರೇ ಬಂದು ಕೂತು ಮೊಹಾಕ್ ಕಲಿತರು.

ಅವರಲ್ಲಿ ಯಾವ ಸಭೆಯಾದರೂ ಮೊದಲು ಒಬ್ಬರು ಎದ್ದು ನೆಲ, ನೀರು, ಮೀನು, ಗಿಡ, ಗಾಳಿ, ನಕ್ಷತ್ರ ಒಂದೊಂದಕ್ಕೂ ಕೃತಜ್ಞತೆ ಹೇಳಬೇಕು. ಕ್ರಮ ಹಳೆಯದು, ಮಾತು ಹೇಳುವವನದು. ಕ್ಯಾಸೆಟ್ ಹಾಕಿ ಮುಗಿಸುವಂತಿಲ್ಲ. ಭಾಷೆ ಬಾರದವನು ಎದ್ದು ನಿಂತು ಏನು ಮಾಡಿಯಾನು? ಅದಕ್ಕೇ ಅಲ್ಲಿ ಹಿರಿಯರ ಕೆಲಸ ಸನ್ಮಾನ ಮಾಡಿಸಿಕೊಳ್ಳೋದಲ್ಲ, ಪಕ್ಕದಲ್ಲಿ ಕೂರಿಸಿಕೊಂಡು ಕಲಿಸೋದು.

'ಅವರು ಅವರ ನೆಲದಲ್ಲಿದ್ದಾರೆ, ನಾವು ಲೋಕಲ್ ಟ್ರೇನಲ್ಲಿ ನೇತಾಡೋರು' ಅಂತೀರಿ. ಸ್ವಾಮಿ, ಮ್ಯಾನ್‌ಹಟನ್ನಿನ ಗಗನಚುಂಬಿಗಳ ಉಕ್ಕಿನ ತೊಲೆ ಜೋಡಿಸಿದವರಲ್ಲಿ ಮೊಹಾಕರೂ ಇದ್ದರು. ಬ್ರೂಕ್ಲಿನ್ನಿನಲ್ಲಿ ಬಿಡಾರ ಮಾಡಿ, ವಾರಾಂತ್ಯ ಬಂದರೆ ಸುಮಾರು 600 ಕಿ.ಮೀ. ಕಾರು ಓಡಿಸಿ ಕಾನವಾಕೆಗೆ, ಮನೆಗೆ, ಹೋಗುತ್ತಿದ್ದರು. ಅಲ್ಲಿನ ಕೈಲರ್ ಚರ್ಚಿನ ಪಾದ್ರಿ ಇವರಿಗಾಗಿ ಮೊಹಾಕ್ ಕಲಿತ. ಪಾದ್ರಿ ಕಲಿತ, ನಮ್ಮ ಮೊಮ್ಮಕ್ಕಳು ಕಲಿಯಲಾರರು!

ಇನ್ನೊಂದು ವಾದ: ಮೊಹಾಕ್ ಆಡುವವರು ಕೆಲವು ಸಾವಿರ, ನಮ್ಮವರು 2011ರ ಜನಗಣತಿಯಂತೆ 4.37 ಕೋಟಿ, ನಮಗೇನು ಭಯ? ಆ ನಾಲ್ಕು ಕೋಟಿ ಜನ ಡೊಂಬಿವಲಿಗೆ ಬಂದು ನಿಮ್ಮ ಮೊಮ್ಮಗನಿಗೆ ಕತೆ ಹೇಳ್ತಾರಾ? ಅವರ ಕಷ್ಟಕ್ಕೆ ನಮ್ಮದನ್ನು ಹೋಲಿಸುವ ಮುಖ ನನಗಿಲ್ಲ. ಅವರ ಮಕ್ಕಳ ಬಾಯಿಂದ ಭಾಷೆಯನ್ನು ಸರ್ಕಾರ ಕಿತ್ತಿತು. ನಾವು ಫೀಸು ಕಟ್ಟಿ ಬಿಡಿಸಿದೆವು. ನಾನೂ ಮಗಳ ಜೊತೆ ಹಿಂದಿಯಲ್ಲೇ ಮಾತಾಡಿದವನು. ಬೇಗ ರೂಢಿಯಾಗಲಿ ಅಂತ. ಈಗ ಅವಳ ಮಗ ನನ್ನನ್ನು 'ನಾನಾಜಿ' ಅಂತಾನೆ.

ಸಂಘದ ಹಾಲ್ ಭಾನುವಾರ ಬೆಳಗ್ಗೆ ಖಾಲಿ ಇರುತ್ತೆ. ಎರಡು ತಾಸು ಆ ಅಜ್ಜಿಗೆ ಕೊಡಿ ಅಂತ ಅರ್ಜಿ ಕೊಟ್ಟೆ. ಕಮಿಟಿ ಮುಂದೆ ಇಡ್ತೀವಿ ಅಂದು ಮೂರು ತಿಂಗಳಾಯಿತು. ಬಾಡಿಗೆಗೆ ಗಿರಾಕಿ ಹುಡುಕುತ್ತಿದ್ದಾರಂತೆ. ಅಜ್ಜಿಗೆ ಫೋನು ಮಾಡಿ ವಿಷಯ ಹೇಳಿದರೆ ಅವರು ಕೇಳಿದ್ದು ಒಂದೇ:

"ಎಷ್ಟ್ ಹುಡುಗ್ರು ಬರ್ತಾವ್ರಿ?"