ಹಸಿರು ಗುರುತಿನ ಮೋಸ

ಹಣ ಪಾವತಿಯ ಭೀಮ್ ಆ್ಯಪ್ ಬಿಡುಗಡೆಯಾದದ್ದು 2016ರ ಡಿಸೆಂಬರ್ 30ರಂದು. ಕೆಲವೇ ದಿನಗಳಲ್ಲಿ ಅದೇ ಹೆಸರಿನ ನಕಲಿಗಳು ಪ್ಲೇ ಸ್ಟೋರ್‌ನಲ್ಲೇ ಕಾಣಿಸಿಕೊಂಡವು. ಅಂದು ದಿಗಿಲು ಹಣ ಕಳಿಸುವವರಿಗಿತ್ತು. ಈಗ ಪಡೆಯುವವರಿಗೂ ಇದೆ. ಫೋನ್‌ಪೇ, ಪೇಟಿಎಂಗಳ ಪಡಿಯಚ್ಚಿನಂಥ ಆ್ಯಪ್‌ಗಳು ಟೆಲಿಗ್ರಾಂ ಗುಂಪುಗಳಲ್ಲಿ, ಪ್ಲೇ ಸ್ಟೋರ್ ಹಂಗಿಲ್ಲದೆ ಫೋನಿಗೆ ಇಳಿಸಿಕೊಳ್ಳಬಹುದಾದ ಎಪಿಕೆ ಫೈಲ್‌ಗಳಾಗಿ ಓಡಾಡುತ್ತಿವೆ. ಅಂಗಡಿಯ ಹೆಸರು, ಮೊತ್ತ ತುಂಬಿದರೆ ಸಾಕು, ಪರದೆ ಮೇಲೆ ಹಸಿರು ಗುರುತು ಮೂಡುತ್ತದೆ. ಖಾತೆಯಿಂದ ಒಂದು ಪೈಸೆಯೂ ಕದಲಿರುವುದಿಲ್ಲ. ಸಂಜೆಯ ನೂಕುನುಗ್ಗಲಲ್ಲಿ ಒಂದು ಕೈಯಲ್ಲಿ ತಕ್ಕಡಿ, ಇನ್ನೊಂದರಲ್ಲಿ ಚೀಲ ಹಿಡಿದ ತರಕಾರಿಯವಳು ಗಿರಾಕಿ ತೋರಿಸಿದ ಪರದೆಯನ್ನು ನಂಬದೆ ಇನ್ನೇನು ಮಾಡಿಯಾಳು?

ಸೈಬರ್ ವಂಚನೆಯ ದೂರಿಗೆ 1930 ಸಹಾಯವಾಣಿ ಇದೆ, ನಿಜ. ನೂರೈವತ್ತು ರೂಪಾಯಿಯ ಟೊಮೆಟೊಗಾಗಿ ವ್ಯಾಪಾರ ಬಿಟ್ಟು ಯಾರು ಕರೆ ಮಾಡುತ್ತಾರೆ? ವಂಚಕರ ಧೈರ್ಯವೂ ಅದೇ.

ಹಣ ಬಂತೆಂದು ಸೌಂಡ್‌ಬಾಕ್ಸ್ ಕೂಗಿದ ಮೇಲೆಯೇ ಸಾಮಾನು ಕೊಡಿ ಎನ್ನುವ ಉಪದೇಶ ಸರಿಯೇ. ಆದರೆ ಆ ಡಬ್ಬಿಗೂ ಸಾಮಾನ್ಯವಾಗಿ ತಿಂಗಳ ಬಾಡಿಗೆ ಉಂಟು. ಬೀದಿಬದಿ ವ್ಯಾಪಾರಿಗಳಿಗಾದರೂ ಕಂಪನಿಗಳು ಅದನ್ನು ಪುಕ್ಕಟೆ ಕೊಡಲಿ. ನಕಲಾಗುತ್ತಿರುವುದು ಅವರದೇ ಲಾಂಛನ ತಾನೆ? ಎಪಿಕೆ ಹಂಚುವ ಗುಂಪುಗಳನ್ನು ದೂರಿಗಾಗಿ ಕಾಯದೆ ಹುಡುಕಿ ಮುಚ್ಚಿಸುವುದು ಸೈಬರ್ ಪೊಲೀಸರ ಕೆಲಸ. ಅದು ಈ ವಾರವೇ ಶುರುವಾಗಲಿ.