ಗೋಡೆಯ ಚಿತ್ರ, ಮನೆಯ ಬಾಡಿಗೆ

ಪೂರ್ವ ಲಂಡನ್ನಿನ ಶೋರ್ಡಿಚ್‌ನಲ್ಲೋ ಬ್ರಿಕ್ ಲೇನ್‌ನಲ್ಲೋ ಯಾವ ಶನಿವಾರವಾದರೂ ಹೋಗಿ ನಿಲ್ಲಿ. ಸ್ವಲ್ಪ ಹೊತ್ತಿಗೆಲ್ಲ ಗುಂಪಿನ ಮೇಲೆ ಗುಂಪು ನಿಮ್ಮ ಮುಂದೆ ಹಾದುಹೋಗುತ್ತದೆ. ಮುಂದೊಬ್ಬ ಗೈಡು, ಕೈಯಲ್ಲಿ ಬಣ್ಣದ ಕೊಡೆ. ಹಿಂದೆ ಇಪ್ಪತ್ತು ಮೂವತ್ತು ಜನ, ಎಲ್ಲರ ಕೈಯಲ್ಲೂ ಫೋನು. ಒಂದು ಗೋಡೆಯ ಮುಂದೆ ನಿಲ್ಲುತ್ತಾರೆ, ತಲೆ ಎತ್ತುತ್ತಾರೆ, ಫೋಟೊ ತೆಗೆಯುತ್ತಾರೆ, ಮುಂದಿನ ಗೋಡೆಗೆ ಹೊರಡುತ್ತಾರೆ. ಇದಕ್ಕೆ ಸ್ಟ್ರೀಟ್ ಆರ್ಟ್ ವಾಕ್ ಎಂದು ಹೆಸರು. ಲಂಡನ್ನಿಗೆ ಓದಲು ಬರುವ ನಮ್ಮ ಹುಡುಗ ಹುಡುಗಿಯರಲ್ಲಿ ಎಷ್ಟೋ ಮಂದಿ ಬಂದ ಹೊಸತರಲ್ಲೇ ಇಂಥದ್ದೊಂದಕ್ಕೆ ಸೇರಿಕೊಳ್ಳುತ್ತಾರೆ. ನಾನೂ ಇಂಥ ಎರಡು ನಡಿಗೆಗಳಿಗೆ ಹೋಗಿದ್ದೇನೆ. ನನ್ನ ತಕರಾರು ಇಷ್ಟೇ: ಈಗ ನಡೆಯುತ್ತಿರುವ ರೀತಿಯಲ್ಲಿ ಇವು ಒಂದು ಬಡಾವಣೆಯನ್ನು ಪರಿಚಯ ಮಾಡಿಕೊಡುತ್ತಿಲ್ಲ, ಅದನ್ನು ಮಾರುತ್ತಿವೆ. ಆ ವ್ಯಾಪಾರದಲ್ಲಿ ಅಲ್ಲಿ ಬದುಕುತ್ತಿರುವವರಿಗೆ ಪಾಲಿಲ್ಲ.

ಗೈಡುಗಳು ತಪ್ಪದೆ ಹೇಳುವ ಒಂದು ಕಥೆಯಿಂದಲೇ ಶುರುಮಾಡೋಣ. ಬ್ರಿಕ್ ಲೇನ್ ಮತ್ತು ಫೂರ್ನಿಯರ್ ಸ್ಟ್ರೀಟ್ ಸೇರುವ ಮೂಲೆಯಲ್ಲಿ ಒಂದು ಕಟ್ಟಡವಿದೆ. 1743ರಲ್ಲಿ ಅದನ್ನು ಕಟ್ಟಿದವರು ಫ್ರಾನ್ಸಿನಿಂದ ಧರ್ಮದ ಕಾರಣಕ್ಕೆ ಓಡಿಬಂದ ಹ್ಯೂಗನೋ ಪ್ರಾಟೆಸ್ಟಂಟರು, ರೇಷ್ಮೆ ನೇಯುವವರು. ಮುಂದೆ ಅದು ಮೆಥಡಿಸ್ಟರ ಚರ್ಚಾಯಿತು. ರಷ್ಯನ್ ಸಾಮ್ರಾಜ್ಯದ ಹಿಂಸೆ ತಪ್ಪಿಸಿಕೊಂಡು ಬಂದ ಯಹೂದಿಗಳು 1898ರಲ್ಲಿ ಅದನ್ನು ಸಿನಗಾಗ್ ಮಾಡಿಕೊಂಡರು. 1976ರಲ್ಲಿ ಸಿಲ್ಹೆಟ್ಟಿನಿಂದ ಬಂದ ಬಾಂಗ್ಲಾ ಮುಸ್ಲಿಮರ ಮಸೀದಿಯಾಯಿತು. ಒಂದೇ ಕಟ್ಟಡ, ಮೂರು ಧರ್ಮ. ಕಥೆ ನಿಜವೇ, ಸುಂದರವೂ ಹೌದು. ಕೇಳಿದವರ ಮುಖ ಅರಳುತ್ತದೆ.

ಆದರೆ ಆ ಕಥೆ ಎಲ್ಲಿ ನಿಲ್ಲುತ್ತದೆ ಎಂಬುದನ್ನು ಗಮನಿಸಿ. ಹ್ಯೂಗನೋಗಳು ಬಂದರು, ಹೋದರು. ಯಹೂದಿಗಳು ಬಂದರು, ಹೋದರು. ಬಾಂಗ್ಲಾದವರು ಬಂದರು. ಇಷ್ಟು ಹೇಳಿ ಗೈಡು ಒಂದು ಉಸಿರು ತೆಗೆದುಕೊಂಡು, "ಈಗ ಕಲಾವಿದರ ಕಾಲ" ಎಂದು ಪಕ್ಕದ ಗೋಡೆಯತ್ತ ಕೈ ತೋರಿಸುತ್ತಾರೆ. ಆ ಮಸೀದಿಯಲ್ಲಿ ಅದೇ ದಿನ ಮಧ್ಯಾಹ್ನ ನಮಾಜು ಇರುತ್ತದೆ. ಬೀದಿಯ ಹೆಸರಿನ ಫಲಕಗಳಲ್ಲಿ ಇಂಗ್ಲಿಷಿನ ಜೊತೆ ಬಂಗಾಳಿ ಅಕ್ಷರಗಳಿವೆ. ಇಲ್ಲಿನ ವಾರ್ಡಿನ ಹೆಸರಿನಲ್ಲೇ ಬಾಂಗ್ಲಾಟೌನ್ ಸೇರಿದೆ. ಆದರೂ ಕಥೆಯಲ್ಲಿ ಮಾತ್ರ ಆ ಜನ ಆಗಲೇ ಭೂತಕಾಲಕ್ಕೆ ಸೇರಿಹೋಗಿದ್ದಾರೆ. ಬದುಕಿರುವವರನ್ನು ಹಳೆಯ ಪದರ ಎಂದು ಕರೆಯುವುದು ಎಂಥ ವಿನಯದ ಭಾಷೆಯಲ್ಲಿ ನಡೆದರೂ ಅದು ಅವಮಾನವೇ.

ಅದಕ್ಕೊಂದು ಲೆಕ್ಕವೂ ಇದೆ. ಎರಡು ಸಾವಿರದ ದಶಕದ ಮಧ್ಯದಲ್ಲಿ ಬ್ರಿಕ್ ಲೇನ್‌ನಲ್ಲಿ ಬಾಂಗ್ಲಾ ಜನ ನಡೆಸುತ್ತಿದ್ದ ಕರಿ ಹೋಟೆಲುಗಳು ಸುಮಾರು 60 ಇದ್ದವು. 2020ರ ಹೊತ್ತಿಗೆ ಉಳಿದದ್ದು 23. ಬಾಡಿಗೆ ಏರಿತು, ಅಂಗಡಿಗಳ ಮೇಲಿನ ತೆರಿಗೆ ಏರಿತು, ಊರಿನಿಂದ ಅಡುಗೆಯವರನ್ನು ಕರೆತರಲು ವೀಸಾ ನಿಯಮ ಬಿಗಿಯಾಯಿತು. ಹೋಟೆಲಿನವರ ಮಕ್ಕಳು ಓದಿ ಬೇರೆ ಕೆಲಸ ಹಿಡಿದರು, ಅದೂ ನಿಜ. ಎಲ್ಲಕ್ಕೂ ಗೋಡೆಯ ಚಿತ್ರವೇ ಕಾರಣ ಎಂದು ನಾನು ಹೇಳುತ್ತಿಲ್ಲ. ಹದಿನೈದು ವರ್ಷದಲ್ಲಿ ಅರ್ಧಕ್ಕಿಂತ ಹೆಚ್ಚು ಅಂಗಡಿಗಳ ಬಾಗಿಲು ಹಾಕಿದ ಬೀದಿಯಲ್ಲಿ ಎರಡು ಗಂಟೆ ಸುತ್ತಿಸಿ ಆ ಮಾತನ್ನೇ ಎತ್ತದಿರುವುದು ಹೇಗೆ ಸಾಧ್ಯ ಎಂಬುದಷ್ಟೇ ನನ್ನ ಪ್ರಶ್ನೆ.

ಎತ್ತದೆ ಬಿಟ್ಟದ್ದು ಅದೊಂದೇ ಅಲ್ಲ. ಇದೇ ಬೀದಿಗಳಲ್ಲಿ ಸಂಜೆಯಾದರೆ ಇನ್ನೊಂದು ಬಗೆಯ ನಡಿಗೆ ಶುರುವಾಗುತ್ತದೆ: ಜಾಕ್ ದ ರಿಪ್ಪರ್ ನಡಿಗೆ. 1888ರಲ್ಲಿ ಐವರು ಬಡ ಹೆಂಗಸರನ್ನು ಕೊಂದವನ ಹೆಸರಿನಲ್ಲಿ ಇವತ್ತಿಗೂ ಟಿಕೆಟ್ ಮಾರಾಟವಾಗುತ್ತದೆ. ಕೊಲೆಯಾದ ಜಾಗಗಳಲ್ಲಿ ಜನರನ್ನು ನಿಲ್ಲಿಸಿ ದನಿ ತಗ್ಗಿಸಿ ಕಥೆ ಹೇಳುತ್ತಾರೆ. ಅಲ್ಲಿಂದ ಸ್ವಲ್ಪವೇ ದೂರದಲ್ಲಿ, ವೈಟ್‌ಚಾಪೆಲ್‌ನ ಆಡ್ಲರ್ ಸ್ಟ್ರೀಟ್‌ನಲ್ಲಿ, 1978ರ ಮೇ 4ರಂದು ಅಲ್ತಾಬ್ ಅಲಿ ಎಂಬ ಬಾಂಗ್ಲಾ ಯುವಕನನ್ನು ಜನಾಂಗ ದ್ವೇಷದಿಂದ ಇರಿದು ಕೊಂದರು. ಅವನು ಬಟ್ಟೆ ಹೊಲಿಯುವ ಕಾರ್ಖಾನೆಯ ಕೆಲಸಗಾರ, ಕೆಲಸ ಮುಗಿಸಿ ಮನೆಗೆ ಹೊರಟಿದ್ದ. ಹತ್ತು ದಿನಗಳ ನಂತರ ಸಾವಿರಾರು ಜನ ಅವನ ಶವಪೆಟ್ಟಿಗೆಯ ಹಿಂದೆ ಪ್ರಧಾನಿಯ ಮನೆಯವರೆಗೆ ನಡೆದರು. ಆ ಬೀದಿಗಳಿಂದ ಹೊರಟ ಬಹು ಮುಖ್ಯವಾದ ನಡಿಗೆ ಯಾವುದು ಎಂದು ಯಾರಾದರೂ ನನ್ನನ್ನು ಕೇಳಿದರೆ ನಾನು ಅದನ್ನೇ ಹೇಳುತ್ತೇನೆ. 1998ರಲ್ಲಿ ಅಲ್ಲಿನ ಉದ್ಯಾನಕ್ಕೆ ಅವನ ಹೆಸರಿಟ್ಟರು. ನಾನು ಹೋದ ಎರಡು ನಡಿಗೆಗಳಲ್ಲಿ ರಿಪ್ಪರ್‌ನ ಪ್ರಸ್ತಾಪ ಬಂತು, ಅಲ್ತಾಬ್ ಅಲಿಯ ಹೆಸರು ಬರಲಿಲ್ಲ. ನೂರಮೂವತ್ತು ವರ್ಷ ಹಿಂದಿನ ಕೊಲೆ ರೋಚಕ. ನಲವತ್ತು ಚಿಲ್ಲರೆ ವರ್ಷ ಹಿಂದಿನ ಕೊಲೆ ಇರಿಸುಮುರಿಸು. ಅದಕ್ಕೆ ಕಾರಣವಾದ ದ್ವೇಷ ಇನ್ನೂ ಸತ್ತಿಲ್ಲವಲ್ಲ.

ಇನ್ನು ಕಲೆಯ ಮಾತು. ಬೀದಿ ಕಲೆಯ ಬಗ್ಗೆ ನನಗೆ ಅಸಡ್ಡೆಯಿಲ್ಲ. ಹ್ಯಾನ್‌ಬರಿ ಸ್ಟ್ರೀಟ್‌ನ ಗೋಡೆಯ ಮೇಲೆ ಬೆಲ್ಜಿಯಂನ ರೋವಾ ಬಿಡಿಸಿದ ಕಪ್ಪು ಬಿಳುಪಿನ ಎತ್ತರದ ಹಕ್ಕಿಯನ್ನು ನೋಡಿ ಬೆರಗಾಗದವರು ಕಡಿಮೆ. ಆದರೆ ಈ ಕಲೆಯ ಹುಟ್ಟು ಅನುಮತಿ ಕೇಳದ ಕೈಯಿಂದ ಆಯಿತು. ರಾತ್ರಿ ಬಂದು ಬಿಡಿಸಿ, ಬೆಳಗಾಗುವುದರೊಳಗೆ ಮಾಯವಾಗುವ ಕಲೆ ಅದು. ಈಗ ರಿವಿಂಗ್ಟನ್ ಸ್ಟ್ರೀಟ್‌ನಲ್ಲಿ ಬ್ಯಾಂಕ್ಸಿಯ ಚಿತ್ರದ ಮುಂದೆ ಪಾರದರ್ಶಕ ಹಾಳೆ ಬಡಿದು ಕಾಪಾಡಿದ್ದಾರೆ. ಹೆಸರಿಲ್ಲದ ಹುಡುಗನೊಬ್ಬ ಅದೇ ಬೀದಿಯಲ್ಲಿ ಸ್ಪ್ರೇ ಡಬ್ಬಿ ಹಿಡಿದು ಸಿಕ್ಕಿಬಿದ್ದರೆ ಅದು ಆಸ್ತಿ ಹಾನಿಯ ಅಪರಾಧ. ಹೆಸರಿದ್ದವನದು ಆಸ್ತಿಯ ಬೆಲೆ ಏರಿಸುವ ಕೃತಿ. ಕಾನೂನು ಒಂದೇ, ಗೋಡೆಯೂ ಒಂದೇ ಬಗೆಯದು, ನ್ಯಾಯ ಮಾತ್ರ ಎರಡು. ಇನ್ನು ಕೆಲವು ಗೋಡೆಗಳ ಮೇಲೆ ದೊಡ್ಡ ಬ್ರ್ಯಾಂಡುಗಳೇ ದುಡ್ಡು ಕೊಟ್ಟು ಕೈಯಿಂದ ಬರೆಸಿದ ಜಾಹೀರಾತುಗಳಿವೆ. ಶೈಲಿ ಬೀದಿ ಕಲೆಯದು, ಸರಕು ಬೂಟಿನದೋ ಮದ್ಯದ್ದೋ. ಗುಂಪು ಅದಕ್ಕೂ ನಿಂತು ಫೋಟೊ ತೆಗೆಯುತ್ತದೆ. ಯಾವುದು ಪ್ರತಿಭಟನೆ, ಯಾವುದು ಜಾಹೀರಾತು ಎಂದು ಬಿಡಿಸಿ ಹೇಳುವುದು ಗೈಡಿನ ಮೊದಲ ಕೆಲಸವಾಗಬೇಕಿತ್ತು.

ಈ ಬದಲಾವಣೆಗೆ ಹೆಸರು ಕೊಟ್ಟದ್ದೂ ಲಂಡನ್ನೇ. 1964ರಲ್ಲಿ ಸಮಾಜಶಾಸ್ತ್ರಜ್ಞೆ ರೂತ್ ಗ್ಲಾಸ್ ಈ ಊರಿನ ಬಗ್ಗೆ ಬರೆಯುತ್ತ ಜೆಂಟ್ರಿಫಿಕೇಶನ್ ಎಂಬ ಪದವನ್ನು ಬಳಕೆಗೆ ತಂದರು. ದುಡಿಯುವ ಜನರ ಬೀದಿಗೆ ಉಳ್ಳವರು ಬಂದು ಸೇರುವುದು, ಮನೆಗಳು ಚೆಂದವಾಗುತ್ತ ಹೋಗುವುದು, ಕೊನೆಗೆ ಮೊದಲಿದ್ದವರಲ್ಲಿ ಬಹುಪಾಲು ಜನ ಅಲ್ಲಿ ಉಳಿಯದಿರುವುದು. ಫೂರ್ನಿಯರ್ ಸ್ಟ್ರೀಟ್‌ನ ಮನೆಗಳನ್ನು ನೋಡಿ. ಅಟ್ಟದ ಅಗಲವಾದ ಕಿಟಕಿಗಳು ನೇಕಾರರ ಮಗ್ಗಕ್ಕೆ ಬೆಳಕು ಬೀಳಲೆಂದು ಇಟ್ಟವು. ಇವತ್ತು ಅಂಥ ಒಂದು ಮನೆಗೆ ಮಿಲಿಯನ್‌ಗಟ್ಟಲೆ ಪೌಂಡು. ಅದೇ ಬೀದಿಗಳ ಹಿಂದೆ, ಕೌನ್ಸಿಲ್ಲಿನ ಫ್ಲ್ಯಾಟುಗಳಲ್ಲಿ ಒಂದು ಕೋಣೆಗೆ ಮೂರು ಮಕ್ಕಳಂತೆ ಮಲಗುವ ಸಂಸಾರಗಳಿವೆ. ನಡಿಗೆಯ ದಾರಿ ಅತ್ತ ತಿರುಗುವುದಿಲ್ಲ. ಹಳೆಯ ಟ್ರೂಮನ್ ಬ್ರೂವರಿ ಮುಚ್ಚಿದ ಮೇಲೆ ಅದರ ಕಟ್ಟಡಗಳು ಸ್ಟುಡಿಯೋ, ಬಾರು, ಸಂತೆಗಳಾದವು. 2021ರಲ್ಲಿ ಅದರ ಒಂದು ಭಾಗದಲ್ಲಿ ಕಚೇರಿ ಮತ್ತು ಶಾಪಿಂಗ್ ಕಟ್ಟಡಕ್ಕೆ ಅರ್ಜಿ ಬಂದಾಗ ಏಳು ಸಾವಿರಕ್ಕೂ ಹೆಚ್ಚು ಆಕ್ಷೇಪಣೆ ಸಲ್ಲಿಕೆಯಾದವು. ಸ್ಥಳೀಯ ಸಂಸ್ಥೆಯ ಸಮಿತಿ ಆದರೂ ಒಪ್ಪಿಗೆ ಕೊಟ್ಟಿತು. ಇದು ಬ್ರಿಕ್ ಲೇನ್‌ನ ಇತಿಹಾಸವಲ್ಲವೇ? 1743 ಮಾತ್ರ ಇತಿಹಾಸವೇ?

ಕಲೆಗೂ ಬಾಡಿಗೆಗೂ ಇರುವ ಈ ನಂಟನ್ನು ಎಲ್ಲರಿಗಿಂತ ಚೆನ್ನಾಗಿ ಬಲ್ಲವರು ಕಲಾವಿದರೇ. ಬರ್ಲಿನ್ನಿನ ಕ್ರಾಯ್ಟ್ಸ್‌ಬರ್ಗ್‌ನಲ್ಲಿ ಇಟಲಿಯ ಬ್ಲೂ ಎಂಬ ಕಲಾವಿದನ ಎರಡು ದೈತ್ಯ ಚಿತ್ರಗಳಿದ್ದವು, ಊರಿನ ಗುರುತೇ ಆಗಿಬಿಟ್ಟಿದ್ದವು. ಪಕ್ಕದ ಖಾಲಿ ಜಾಗದಲ್ಲಿ ಹೊಸ ಕಟ್ಟಡಗಳು ಏಳುವುದು ಖಚಿತವಾದಾಗ, 2014ರ ಡಿಸೆಂಬರ್‌ನಲ್ಲಿ ಕಲಾವಿದನ ಒಪ್ಪಿಗೆಯಿಂದಲೇ ರಾತ್ರೋರಾತ್ರಿ ಅವೆರಡಕ್ಕೂ ಕಪ್ಪು ಬಣ್ಣ ಬಳಿದರು. ತನ್ನ ಚಿತ್ರ ಯಾರದೋ ಫ್ಲ್ಯಾಟಿನ ಬಾಲ್ಕನಿಯ ನೋಟವಾಗಿ ಬೆಲೆ ಹೆಚ್ಚಿಸುವುದಕ್ಕಿಂತ ಇಲ್ಲವಾಗುವುದೇ ಮೇಲು ಎಂಬ ತೀರ್ಮಾನ ಅದು. ಸ್ವಂತ ಕೃತಿಯನ್ನು ಕೊಂದುಕೊಂಡ ಕಲಾವಿದನ ಸಂಕಟ ಗೈಡುಗಳಿಗೂ ಸ್ವಲ್ಪ ತಟ್ಟಲಿ.

ಇದಕ್ಕೆ ಎದುರು ವಾದಗಳಿವೆ, ತಳ್ಳಿಹಾಕುವಂಥವೂ ಅಲ್ಲ. ಊರು ಯಾವಾಗಲೂ ಬದಲಾಗುತ್ತದೆ, ಯಾರನ್ನೂ ಒಂದೇ ಜಾಗದಲ್ಲಿ ಕಟ್ಟಿಹಾಕಲಾಗದು ಎನ್ನುತ್ತಾರೆ. ನಿಜ. ಆದರೆ ಕೈಯಲ್ಲಿ ನಾಲ್ಕು ಕಾಸು ಕೂಡಿದ ಮೇಲೆ ವಿಶಾಲವಾದ ಮನೆ ಬೇಕೆಂದು ಹೊರಡುವುದು ಬೇರೆ, ಬಾಡಿಗೆ ಕಟ್ಟಲಾಗದೆ ಹೊರಡುವುದು ಬೇರೆ. ಎರಡಕ್ಕೂ ಬದಲಾವಣೆ ಎಂಬ ಒಂದೇ ಹೆಸರಿಟ್ಟರೆ ಅನುಕೂಲವಾಗುವುದು ಮನೆ ಮಾಲೀಕರಿಗೆ. ಪ್ರವಾಸಿಗಳಿಂದ ವ್ಯಾಪಾರವಾಗುತ್ತದಲ್ಲ ಎನ್ನುತ್ತಾರೆ. ಆಗುತ್ತದೆ, ಆದರೆ ಯಾರಿಗೆ? ಎರಡು ಗಂಟೆ ನಡೆದ ಗುಂಪು ಕೊನೆಗೆ ಕಾಫಿಗೆ ಹೋಗುವುದು ಗೈಡು ತೋರಿಸಿದ ಕಡೆಗೆ, ಹೊಲಿಗೆ ಅಂಗಡಿಗೂ ಸೀರೆ ಅಂಗಡಿಗೂ ಅಲ್ಲ. ಮೂರನೆಯ ವಾದ ಗೈಡುಗಳ ಹೊಟ್ಟೆಪಾಡಿನದು. ಅವರ ಮೇಲೆ ನನಗೆ ಸಿಟ್ಟಿಲ್ಲ. ಉಚಿತ ನಡಿಗೆ ಎಂದು ಕರೆದು, ಕೊನೆಗೆ ಇಷ್ಟಬಂದಷ್ಟು ಕೊಡಿ ಎನ್ನುವ ಪದ್ಧತಿಯಲ್ಲಿ ಎಷ್ಟೋ ಊರುಗಳಲ್ಲಿ ಗೈಡುಗಳೇ ತಲೆಗಿಷ್ಟೆಂದು ಕಂಪನಿಗೆ ಕಟ್ಟಬೇಕಾಗುತ್ತದೆ. ಕೇಳುಗರಿಗೆ ಇರಿಸುಮುರಿಸಾದರೆ ಗೈಡಿನ ಜೇಬಿಗೆ ನಷ್ಟ. ಹಾಗಿರುವಾಗ ಬಾಡಿಗೆಯ ಮಾತು ಯಾರು ಎತ್ತುತ್ತಾರೆ?

ಸಾಹಿತ್ಯ ಓದುವವರಿಗೆ ಬೇರೆಯೇ ಒಂದು ಮಾತು ಹೇಳಬೇಕು. ಮೋನಿಕಾ ಅಲಿಯವರ 'ಬ್ರಿಕ್ ಲೇನ್' ಕಾದಂಬರಿ 2003ರಲ್ಲಿ ಬಂತು. ಅದನ್ನು ಓದಿದವರು ಈ ಬೀದಿಗೆ ಬಂದು ಪಾತ್ರಗಳನ್ನು ಹುಡುಕುತ್ತಾರೆ. 2006ರಲ್ಲಿ ಅದರ ಸಿನಿಮಾ ಚಿತ್ರೀಕರಣಕ್ಕೆ ಇಲ್ಲಿನ ಕೆಲವರು ಅಡ್ಡಿ ಮಾಡಿದರು, ತಮ್ಮನ್ನು ತಪ್ಪಾಗಿ ತೋರಿಸಿದ್ದಾರೆ ಎಂದು. ಅವರ ಆಕ್ಷೇಪವನ್ನು ನಾನು ಪೂರ್ತಿ ಒಪ್ಪುವುದಿಲ್ಲ, ಲೇಖಕಿಗೆ ಬರೆಯುವ ಹಕ್ಕಿದೆ. ಆದರೆ ಆ ಜಗಳದಿಂದ ಒಂದು ಸಂಗತಿ ಗೊತ್ತಾಯಿತು: ಈ ಬೀದಿಯ ಜನ ತಮ್ಮ ಬಗ್ಗೆ ಬರೆದದ್ದನ್ನು ಗಮನಿಸುತ್ತಾರೆ, ವಾದಿಸುತ್ತಾರೆ, ತಿರುಗಿ ಮಾತಾಡುತ್ತಾರೆ. ಗೈಡಿನ ಕಥೆಯಲ್ಲಿ ಮಾತ್ರ ಅವರಿಗೆ ಬಾಯಿಯಿಲ್ಲ, ಬರಿ ಹಿನ್ನೆಲೆ. ಪುಸ್ತಕ ಓದಿ ಊರು ನೋಡಲು ಹೊರಟವರು ಪುಸ್ತಕದಾಚೆಗಿನ ಒಂದು ದನಿಯನ್ನಾದರೂ ಕೇಳದೆ ಬಂದರೆ ಓದಿದ್ದು ದಂಡ.

ಇದು ಲಂಡನ್ನಿನದೇ ರೋಗ ಎಂದು ನಿಟ್ಟುಸಿರು ಬಿಡುವ ಹಾಗಿಲ್ಲ. ಈ ಬಗೆಯ ನಡಿಗೆ ನಮ್ಮ ಬೆಂಗಳೂರಿಗೂ ಬಂದಿದೆ. ಬಸವನಗುಡಿಯಲ್ಲಿ ಭಾನುವಾರ ಬೆಳಿಗ್ಗೆ ಇಂಗ್ಲಿಷಿನಲ್ಲಿ ನಡೆಯುವ ಒಂದು ನಡಿಗೆಗೆ ನಾನು ಸೇರಿದ್ದೆ. 1898ರ ಪ್ಲೇಗು, ಮಾಸ್ತಿಯವರು, ಡಿವಿಜಿ 1945ರಲ್ಲಿ ಕಟ್ಟಿದ ಗೋಖಲೆ ಸಂಸ್ಥೆ, ಕೊನೆಗೆ ವಿದ್ಯಾರ್ಥಿ ಭವನದ ದೋಸೆ. ಎಲ್ಲ ಸರಿ. ಆದರೆ ಅಲ್ಲಿಯೂ ಕನ್ನಡ ಹಳೆಯ ಕಾಲದ ಒಂದು ಘಮದಂತೆ ಬಂದುಹೋಯಿತು, ಫಿಲ್ಟರ್ ಕಾಫಿಯ ಹಾಗೆ. ಅದೇ ಗಾಂಧಿ ಬಜಾರಿನಲ್ಲಿ ಬುಟ್ಟಿ ಇಟ್ಟುಕೊಂಡು ಕನ್ನಡದಲ್ಲಿ ಚೌಕಾಸಿ ಮಾಡುತ್ತಿದ್ದ ಹೂವಿನವರನ್ನು ಗುಂಪು ಸುತ್ತುಹಾಕಿ ಹೋಯಿತು. ಆ ಬುಟ್ಟಿ ಅಲ್ಲಿ ಇನ್ನೆಷ್ಟು ದಿನ ಇರುತ್ತದೆ ಎಂದು ಯಾರೂ ಕೇಳಲಿಲ್ಲ. ಭೂತಕಾಲಕ್ಕೆ ತಳ್ಳುವ ಕೆಲಸ ಅಲ್ಲಿ ಸಿಲ್ಹೆಟ್ಟಿನವರಿಗೆ ಆದದ್ದು ಇಲ್ಲಿ ನಮಗೇ ಆಗುತ್ತಿದೆ.

ಹಾಗಾದರೆ ನಡೆಯಬೇಡಿ ಎನ್ನುತ್ತೇನೆಯೇ? ಇಲ್ಲ. ಊರನ್ನು ಕಾಲಿನಿಂದ ತಿಳಿಯುವುದಕ್ಕಿಂತ ಒಳ್ಳೆಯ ದಾರಿಯಿಲ್ಲ. ಹೋಗಿ, ಆದರೆ ಗಿರಾಕಿಯಂತಲ್ಲ, ವಿದ್ಯಾರ್ಥಿಯಂತೆ ಹೋಗಿ. ಗೈಡನ್ನು ಮೂರು ಪ್ರಶ್ನೆ ಕೇಳಿ. ಈ ಗೋಡೆ ಯಾರದು, ಬಣ್ಣಕ್ಕೆ ದುಡ್ಡು ಕೊಟ್ಟವರು ಯಾರು? ಹತ್ತು ವರ್ಷದ ಹಿಂದೆ ಈ ಅಂಗಡಿಯಲ್ಲಿ ಏನಿತ್ತು, ಅವರು ಈಗ ಎಲ್ಲಿದ್ದಾರೆ? ಈ ಬೀದಿಯಲ್ಲಿ ಹುಟ್ಟಿ ಬೆಳೆದ ಯಾರಾದರೂ ನಿಮ್ಮ ಕಂಪನಿಯಲ್ಲಿ ಗೈಡಾಗಿದ್ದಾರೆಯೇ? ಉತ್ತರ ಗೊತ್ತಿರುವ ಗೈಡು ಸಿಕ್ಕರೆ ಧಾರಾಳವಾಗಿ ಕೊಡಿ, ಇಷ್ಟಬಂದಷ್ಟಲ್ಲ, ಒಂದು ಒಳ್ಳೆಯ ನಾಟಕದ ಟಿಕೆಟ್ಟಿಗೆ ಕೊಡುವಷ್ಟು. ನಡಿಗೆ ಮುಗಿದ ಮೇಲೆ ಗುಂಪು ಬಿಟ್ಟು, ಉಳಿದಿರುವ ಕರಿ ಹೋಟೆಲುಗಳಲ್ಲಿ ಒಂದಕ್ಕೆ ಹೋಗಿ ಕುಳಿತು ಊಟ ಮಾಡಿ. ಗಲ್ಲಾದಲ್ಲಿ ಕೂತವರಿಗೆ ಬಿಡುವಿದ್ದರೆ ಮಾತಿಗೆಳೆಯಿರಿ. ಬಾಡಿಗೆ ಎಷ್ಟು ಏರಿದೆ ಎಂದು ಅವರು ಹೇಳುತ್ತಾರೆ, ಊರಿನ ಸುದ್ದಿಯನ್ನೂ ಹೇಳುತ್ತಾರೆ. ಅಲ್ತಾಬ್ ಅಲಿ ಉದ್ಯಾನ ಅಲ್ಲಿಂದ ನಡೆದು ಹೋಗುವಷ್ಟು ಹತ್ತಿರದಲ್ಲಿದೆ. ಅಲ್ಲಿಗೆ ಹೋಗುವುದಕ್ಕೆ ಗೈಡು ಬೇಕಿಲ್ಲ.